ಜಾಳಿ ಗೋಡೆಗೆ ಒರಗಿತ್ತು

ಈ ಸಭೆಯ ಅಧ್ಯಕ್ಷರೂ ನನ್ನ ಹಳೆಯ ವಿದ್ಯಾರ್ಥಿಯೂ ಆದ ಶ್ರೀ ಭೀಮಗೊಂಡ ಪಾಟೀಲರೇ, ವೇದಿಕೆಯ ಮೇಲಿರುವ ಅತಿಥಿಗಳೇ, ಇಷ್ಟು ವರ್ಷ ನನ್ನ ಗಣಿತವನ್ನು ಸಹಿಸಿಕೊಂಡ ಬೋರಗಾಂವದ ತಂದೆತಾಯಿಗಳೇ, ಮುಂದಿನ ಸಾಲಿನಲ್ಲಿ ಕುಳಿತಿರುವ ನನ್ನ ಅಣ್ಣ ಮಹಾವೀರನೇ, ಸಭಿಕರೇ,

ನಿವೃತ್ತಿಯಾಗುವ ಶಿಕ್ಷಕಿಗೆ ಒಂದು ಶಾಲು, ಒಂದು ಹಾರ, ನಾಲ್ಕು ಒಳ್ಳೆಯ ಮಾತು ಸಾಕು. ನೀವು ಅದಕ್ಕಿಂತ ಹೆಚ್ಚು ಕೊಟ್ಟಿದ್ದೀರಿ. ಉಪಕಾರ ಸ್ಮರಿಸಿ ಕುಳಿತುಬಿಡಬೇಕೆಂದೇ ಬಂದಿದ್ದೆ. ಆದರೆ ಈಗಷ್ಟೇ ಅಧ್ಯಕ್ಷರು ಒಂದು ಮಾತು ಹೇಳಿದರು. ಕಮಲಾಬಾಯಿಯವರು ತಾವು ಕಂಡ ಸತ್ಯ ಹೇಳಿದರು, ಮಹಾವೀರ ಅವರು ತಾವು ಕಂಡ ಸತ್ಯ ಹೇಳಿದರು, ಸತ್ಯವೆಂಬುದು ನೋಡುವವರ ಕಣ್ಣಿನಲ್ಲಿರುತ್ತದೆ, ಆದ್ದರಿಂದ ಇವತ್ತು ಅಣ್ಣನೇ ತಂಗಿಗೆ ಶಾಲು ಹೊದಿಸಲಿ ಎಂದರು. ನೀವೆಲ್ಲ ಚಪ್ಪಾಳೆ ತಟ್ಟಿದಿರಿ.

ಭೀಮಗೊಂಡ ಶಾಲೆಯಲ್ಲಿದ್ದಾಗ ಒಂದು ಲೆಕ್ಕಕ್ಕೆ ಎರಡು ಉತ್ತರ ಬರೆಯುತ್ತಿದ್ದ. "ಯಾವುದು ಸರಿ ಐತೋ ಅದಕ್ಕ ಗುರ್ತ ಹಾಕ್ರಿ ಅಕ್ಕೋರ" ಎನ್ನುತ್ತಿದ್ದ. ನಾನು ಎರಡನ್ನೂ ಹೊಡೆದುಹಾಕುತ್ತಿದ್ದೆ. ಅವನು ಮೊನ್ನೆ ನನ್ನ ಮನೆಗೂ ಬಂದಿದ್ದ. ಇಬ್ಬರದೂ ಖರೆ ಐತಿ ಅಂತ ಒಂದು ಮಾತು ಅಂದುಬಿಡಿ, ಎಲ್ಲ ಮುಗಿಯುತ್ತದೆ ಎಂದ. ನಾನು ಚಹಾ ಕೊಟ್ಟೆ, ಮಾತು ಕೊಡಲಿಲ್ಲ. ಆದರೂ ಅವನು ಚಪ್ಪಾಳೆ ತಟ್ಟಿಸಿದ್ದಾನೆ. ಹಾಗಾಗಿ ಉತ್ತರ ಹೇಳಲೇಬೇಕಾಗಿದೆ.

ಹೊರಗಿನಿಂದ ಬಂದ ಅತಿಥಿಗಳಿಗೆ ಸಂಗತಿ ಗೊತ್ತಿರಲಿಕ್ಕಿಲ್ಲ. ನನ್ನ ಅಣ್ಣನಿಗೆ, ನಾನು ದಾದಾ ಎನ್ನುವವನಿಗೆ, ಈ ಊರಿನಲ್ಲಿ ಪವರ್‌ಲೂಮ್ ಶೆಡ್ಡು ಇದೆ. ಕೆಲವು ವರ್ಷಗಳ ಹಿಂದೆ, ನಮ್ಮ ಜೈನರ ದಶಲಕ್ಷಣ ಪರ್ವದ ಮೊದಲ ದಿನ, ಶಾಲೆಗೆ ರಜೆಯಿತ್ತು. ಮಧ್ಯಾಹ್ನ ದಾದಾನನ್ನು ಊಟಕ್ಕೆ ಕರೆಯಲೆಂದು ಶೆಡ್ಡಿಗೆ ಹೋದೆ. ಬಾಗಿಲಲ್ಲಿ ನಿಂತೆ. ಮಗ್ಗದ ಸದ್ದಿನಲ್ಲಿ ನಾನು ಕರೆದದ್ದು ಅವನಿಗೆ ಕೇಳಿಸಲಿಲ್ಲ. ಮೋಟಾರಿನ ಪಟ್ಟಾಕ್ಕೆ ಯಾರ ಕೈಯೂ ಸಿಗದಿರಲೆಂದು ಮುಚ್ಚುವ ಕಬ್ಬಿಣದ ಜಾಳಿ ಇರುತ್ತದಲ್ಲ, ಅದು ಮಗ್ಗದ ಮೇಲೆ ಇರಲಿಲ್ಲ. ಗೋಡೆಗೆ ಒರಗಿತ್ತು. ಅದರ ಮೇಲೆ ಯಾರದೋ ಟವೆಲ್ ಒಣಗುತ್ತಿತ್ತು. ಪಟ್ಟಾ ಜಾರಿದಾಗೆಲ್ಲ ಜಾಳಿ ಬಿಚ್ಚಿ ಮತ್ತೆ ಕೂಡಿಸುವಷ್ಟರಲ್ಲಿ ಹೊತ್ತು ಹೋಗುತ್ತದೆಂದು ದಾದಾ ಅದನ್ನು ತೆಗೆಸಿದ್ದ. ನಾನು ನೋಡುತ್ತಿದ್ದಂತೆಯೇ ಕೆಲಸದ ಚನ್ನವ್ವನ ಸೆರಗು ಪಟ್ಟಾಕ್ಕೆ ಸಿಕ್ಕಿತು. ಸೆರಗು ಬಿಡಿಸಿಕೊಳ್ಳಲು ಹೋದ ಬಲಗೈಯೂ ಸಿಕ್ಕಿತು.

ಮೇನ್ ಸ್ವಿಚ್ಚು ಬಂದ್ ಮಾಡಲು ಮೊದಲು ಓಡಿದವನು ದಾದಾ. ತನ್ನ ಅಂಗಿ ಹರಿದು ಅವಳ ಕೈಗೆ ಸುತ್ತಿದವನು ದಾದಾ. ಅವಳನ್ನು ಎತ್ತಿಕೊಂಡು ಜೀಪಿಗೆ ಹಾಕಿದವನೂ ಅವನೇ. ಇದನ್ನೂ ನಾನು ಕೋರ್ಟಿನ ಸಾಕ್ಷಿಯಲ್ಲಿ ಹೇಳಿದ್ದೇನೆ. ಇದನ್ನು ಮಾತ್ರ ಯಾರೂ ನನ್ನ ಸತ್ಯ, ಅವರ ಸತ್ಯ ಎಂದು ಹಂಚಲಿಲ್ಲ, ನೋಡಿ.

ಮರುದಿನ ಇನ್‌ಸ್ಪೆಕ್ಟರು ಬಂದಾಗ ಜಾಳಿ ಮಗ್ಗದ ಮೇಲೆ ಕುಳಿತಿತ್ತು. ಚನ್ನವ್ವ ಮೊಬೈಲ್‌ನಲ್ಲಿ ಮಾತಾಡುತ್ತ ಮೈಮರೆತಳು ಎಂದು ಶೆಡ್ಡಿನವರೆಲ್ಲ ಹೇಳಿದರು. ಆ ಸಂಜೆ ದಾದಾ ನಮ್ಮ ಮನೆಗೆ ಬಂದ.

"ಕಮಲಾ, ನೀ ಬಾಗಲಾಗ ನಿಂತಿದ್ದಿ. ಒಳಗ ಬೆಳಕ ಕಡಿಮಿ ಇತ್ತು. ನಿನಗ ಸರಿಯಾಗಿ ಕಂಡಿರಾಕಿಲ್ಲ" ಎಂದ.

"ಕಂಡೈತಿ ದಾದಾ" ಎಂದೆ.

"ನಿನ್ನ ಖರೆ ನಿನಗ, ನನ್ನ ಖರೆ ನನಗ."

"ಜಾಳಿ ಒಂದ ಇತ್ತಲ್ಲ ದಾದಾ. ಅದು ಮಗ್ಗದ ಮ್ಯಾಲ ಇತ್ತೋ, ಗ್ವಾಡಿಗಿ ಇತ್ತೋ?"

ಅವನು ಚಹಾ ಮುಟ್ಟದೆ ಎದ್ದುಹೋದ.

ನನಗೆ ಆಗ ಹೇಗಾಯಿತು ಎಂದು ಕೇಳುತ್ತೀರಾ? ಹೆಣ್ಣುಮಗಳಿಗೆ ಇಷ್ಟು ಓದು ಸಾಕು ಎಂದು ಅಪ್ಪ ಹೇಳಿದಾಗ, ಎದುರು ನಿಂತವನು ಇದೇ ದಾದಾ. ಆಗ ಬೆಳಿಗ್ಗೆ ನಮ್ಮೂರಿಗೆ ಬಸ್ಸಿರಲಿಲ್ಲ. ಸೈಕಲ್ಲಿನ ಮೇಲೆ ಕೂರಿಸಿಕೊಂಡು ಸದಲಗಾದವರೆಗೆ ಬಂದು ಚಿಕ್ಕೋಡಿಯ ಬಸ್ಸು ಹತ್ತಿಸುತ್ತಿದ್ದ. ಮಳೆ ಬಂದರೆ ಅವನು ನೆನೆಯುತ್ತಿದ್ದ, ಕೊಡೆ ನನ್ನ ಕೈಯಲ್ಲಿರುತ್ತಿತ್ತು. ನಾನು ಶಿಕ್ಷಕಿಯಾದದ್ದು ಅವನಿಂದ. ಅವನಿಂದ ಶಿಕ್ಷಕಿಯಾದವಳು ಅವನಿಗಾಗಿ ಸುಳ್ಳು ಹೇಳಬೇಕೇ? ಹೇಳಬಹುದೇನೋ ಎಂದು ಒಂದು ಗಳಿಗೆ ನನಗೂ ಅನ್ನಿಸಿತ್ತು. ಮಿರಜದ ಆಸ್ಪತ್ರೆಗೆ ಚನ್ನವ್ವನನ್ನು ನೋಡಲು ಹೋಗುವವರೆಗೆ.

ಮೊಣಕೈ ಕೆಳಗೆ ಏನೂ ಉಳಿದಿರಲಿಲ್ಲ. ಅವಳು ಅಳಲಿಲ್ಲ, ಯಾರನ್ನೂ ಬಯ್ಯಲಿಲ್ಲ. ನನ್ನ ಸೆರಗು ಹಿಡಿದು ಒಂದೇ ಪ್ರಶ್ನೆ ಕೇಳಿದಳು. "ನಾ ಮೊಬೈಲ್‌ದಾಗ ಮಾತಾಡಾಕತ್ತಿದ್ನಿ ಅಂತ ಎಲ್ಲಾರೂ ಅಂತಾರ್ರಿ ಅಕ್ಕೋರ. ನನಗ ಈಗ ತಿಳಿವಲ್ದು. ನಾ ಮಾತಾಡಾಕತ್ತಿದ್ನೇನ್ರಿ?"

ಸಭಿಕರೇ, ಅವಳ ಮೊಬೈಲ್ ಅವತ್ತು ಮನೆಯಲ್ಲಿ ಚಾರ್ಜಿಗೆ ಇತ್ತು. ಆದರೂ ಊರೆಲ್ಲ ಸೇರಿ ಹೇಳಿದ್ದಕ್ಕೆ, ಕೈ ಕಳೆದುಕೊಂಡವಳಿಗೇ ತನ್ನ ನೆನಪಿನ ಮೇಲೆ ಅನುಮಾನ ಬಂದಿತ್ತು. ಅವರವರ ಸತ್ಯ ಅವರವರಿಗೆ ಎನ್ನುತ್ತೀರಲ್ಲ, ಚನ್ನವ್ವನ ಪಾಲಿಗೆ ಯಾವ ಸತ್ಯ ಬಂತು? ದೊಡ್ಡ ದನಿಯವರು ಹಂಚಿಕೊಂಡ ಮೇಲೆ ಅವಳಿಗೆ ಉಳಿದದ್ದು ಅನುಮಾನ ಮಾತ್ರ.

ಅದೇ ವಾರ ನಮ್ಮ ಸಮಾಜದ ಹಿರಿಯರು ನನ್ನನ್ನು ಬಸ್ತಿಯ, ಅಂದರೆ ನಮ್ಮ ಜಿನಮಂದಿರದ, ಮಂಟಪಕ್ಕೆ ಕರೆಸಿದರು. ಪರ್ವದಲ್ಲಿ ದಿನಕ್ಕೊಂದು ಧರ್ಮ, ಅಂದು ಉತ್ತಮ ಸತ್ಯದ ದಿನ. ಬೆಳಿಗ್ಗೆ ಅದೇ ಮಂಟಪದಲ್ಲಿ ಸತ್ಯದ ಮೇಲೆ ಪ್ರವಚನ ಕೇಳಿದ್ದೆವು. ಮಧ್ಯಾಹ್ನ ಹಿರಿಯರು ನನಗೆ ಅನೇಕಾಂತ ತಿಳಿಸಿದರು. ಒಂದೇ ವಸ್ತುವಿಗೆ ಹಲವು ಮುಖ, ಹಟ ಹಿಡಿಯುವುದು ಜೈನರ ಮನೆಯ ಮಗಳಿಗೆ ಸಲ್ಲದು ಎಂದರು.

ನಾನು ಅನೇಕಾಂತವನ್ನು ತಾಯಿಯ ಬಾಯಿಂದ ಕೇಳಿ ಬೆಳೆದವಳು. ನನ್ನ ತಿಳಿವಳಿಕೆ ಪೂರ್ತಿಯಲ್ಲ ಎಂದು ಅದು ನನಗೆ ವಿನಯ ಕಲಿಸಿದೆ. ಚನ್ನವ್ವ ಒಳ್ಳೆಯ ಕೆಲಸದವಳೋ ಅಲ್ಲವೋ, ನೂರು ಮಾತಿರಲಿ. ನನ್ನ ದಾದಾ ಕೆಟ್ಟವನಲ್ಲ ಎನ್ನುತ್ತೇನೆ, ಚನ್ನವ್ವ ಬೇರೆ ಹೇಳಬಹುದು, ಅದೂ ಇರಲಿ. ಆದರೆ ಜಾಳಿಯ ವಿಷಯದಲ್ಲಿ? ನಾನು ಅವರ ಮುಂದೆ ನನ್ನ ಕೈ ಎತ್ತಿ ಹಿಡಿದೆ. "ಈ ಕಡಿಂದ ನೋಡಿದವರಿಗೆ ಅಂಗೈ, ಆ ಕಡಿಂದ ನೋಡಿದವರಿಗೆ ಹಿಂಗೈ. ಎರಡೂ ಖರೇನ ಐತ್ರಿ. ಆದ್ರ ನೋಡಾಕ ಕೈ ಇರಬೇಕಲ್ರಿ" ಎಂದೆ. ನಾನು ಎದ್ದುಬಂದೆ, ಇನ್‌ಸ್ಪೆಕ್ಟರರ ಮುಂದೆ ಹೇಳಿಕೆ ಕೊಟ್ಟೆ.

ವಿಚಾರಣೆ ನಡೆಯಿತು. ದಾದಾನ ವಕೀಲರು ನನಗೆ ಕನ್ನಡಕ ಬಂದದ್ದು ಯಾವಾಗ ಎಂದು ಕೇಳಿದರು. ಕನ್ನಡಕ ಹಾಕಿಕೊಂಡೇ ನೋಡಿದೆ ಎಂದೆ. ಕೊನೆಗೆ ಶೆಡ್ಡಿನ ಒಬ್ಬ ಫಿಟ್ಟರ್ ಬಾಯಿಬಿಟ್ಟ. ಜಾಳಿಯನ್ನು ಅಪಘಾತದ ಸಂಜೆ ತಾನೇ ಕೂಡಿಸಿದೆ ಎಂದ. ತೀರ್ಪು ಚನ್ನವ್ವನ ಕಡೆಗಾಯಿತು. ಅವಳು ಈಗ ಸಣ್ಣದೊಂದು ಕಿರಾಣಿ ಅಂಗಡಿ ನಡೆಸುತ್ತಾಳೆ. ಅಗೋ, ಕಿಟಕಿಯ ಹತ್ತಿರ ಕುಳಿತಿದ್ದಾಳೆ. ಹೋಗಿ ಕೇಳಿ, ತಾನು ಮೊಬೈಲ್‌ನಲ್ಲಿ ಮಾತಾಡುತ್ತಿರಲಿಲ್ಲ ಎಂದು ಈಗ ಗಟ್ಟಿಯಾಗಿ ಹೇಳುತ್ತಾಳೆ.

ಅಂದಿನಿಂದ ದಾದಾನ ಮನೆಯ ಹೊಸ್ತಿಲು ನಾನು ತುಳಿದಿಲ್ಲ. ಅವನ ಮಗಳು ಅಪೂರ್ವಳ ಮದುವೆಗೆ ಕರೆಯಲಿಲ್ಲ. ಅವಳಿಗೆ ಅಂಕಿ ಕಲಿಸಿದವಳು ನಾನು. ಮದುವೆಯ ದಿನ ಶಾಲೆಗೆ ಹೋಗಿ ಭಿನ್ನರಾಶಿ ಪಾಠ ಮಾಡಿದೆ. ಚೆನ್ನಾಗಿಯೇ ಮಾಡಿದೆ. ಒಂದು ಲೆಕ್ಕ ತಪ್ಪಿತು, ಮಕ್ಕಳೇ ತಿದ್ದಿದರು. ಎರಡನೆಯದೂ ತಪ್ಪಿತು. ಇರಲಿ. ಇದನ್ನು ಹೇಳಬೇಕೆಂದಿರಲಿಲ್ಲ.

ಸ್ವಲ್ಪ ನೀರು ಕೊಡ್ರಿ.

ದಾದಾ, ನನ್ನ ಮನೆಯ ಬಾಗಿಲು ನಿನಗೆ ಎಂದೂ ಮುಚ್ಚಿಲ್ಲ. ನಾಳೆ ಊಟಕ್ಕೆ ಬಾ. ಜಾಳಿಯ ಮಾತು ನಾನು ಎತ್ತುವುದಿಲ್ಲ, ನೀನೂ ಎತ್ತಬೇಡ. ಅಣ್ಣನಾಗಿ ನೀನು ಹೊದಿಸಿದರೆ ಶಾಲಿಗೆ ಈಗಲೇ ತಲೆ ಬಾಗಿಸುತ್ತೇನೆ. ಆದರೆ ಇಬ್ಬರದೂ ಖರೆ ಎಂದು ಒಪ್ಪಿದ್ದಕ್ಕೆ ಗುರುತಾಗಿ ಹೊದಿಸುವ ಶಾಲು ನನಗೆ ಬೇಡ.

ದಾದಾ ಏಳುತ್ತಿದ್ದಾನೆ. ಬಾಗಿಲ ಕಡೆಗೆ ಹೊರಟಿದ್ದಾನೆ. ದಯವಿಟ್ಟು ಯಾರೂ ತಡೆಯಬೇಡಿ, ಕುರ್ಚಿ ಸರಿಸಿ ದಾರಿ ಬಿಡಿ. ಅವನಿಗೆ ಮೊಣಕಾಲಿನ ನೋವಿದೆ. ಮೆಟ್ಟಿಲ ಹತ್ತಿರ ಯಾರಾದರೂ ಕೈ ಹಿಡಿಯಿರಿ. ನಾನು ಹಿಡಿದರೆ ಬಿಡಿಸಿಕೊಳ್ಳುತ್ತಾನೆ.

ಹೋದ.

ಅಧ್ಯಕ್ಷರೇ, ಶಾಲು ಮಡಿಸಿ ಇಡಿ. ಕುಳಿತು ಕೇಳಿದ ನಿಮಗೂ, ಕೇಳಲಾರದೆ ಎದ್ದುಹೋದವನಿಗೂ ನಾನು ಋಣಿ. ಆಡಿದ್ದರಲ್ಲಿ ಒಂದಕ್ಷರವನ್ನೂ ಹಿಂದಕ್ಕೆ ತೆಗೆದುಕೊಳ್ಳದೆ ಈ ಮೈಕು ಬಿಡುತ್ತಿದ್ದೇನೆ.

ನಮಸ್ಕಾರ.