ಗೂಟದ ಕಡೆಯ ತುದಿ

ನ್ಯೂಫೌಂಡ್‌ಲ್ಯಾಂಡಿನ ಬಂದರು ಕಚೇರಿಯಲ್ಲಿ, ಬಿರುಗಾಳಿಗೆ ನಿಂತುಹೋದ ಫೆರ್ರಿಗಾಗಿ ಕಾಯುತ್ತಿದ್ದ ಡಲ್ಸಿಗೆ ಪಕ್ಕದ ಬೆಂಚಿನ ಅತ್ತೆ-ಸೊಸೆಯರ ಮಾತು ಬೇಡವೆಂದರೂ ಕೇಳಿಸುತ್ತಿತ್ತು.

“ದೋಣಿಯಿಂದ ರೇಡಿಯೋದಲ್ಲಿ ನಿಮ್ಮ ಮಗ ಆಲ್ಬನ್ ಕೊನೇಗೆ ಹೇಳಿದ್ದು, ‘ಬಿಟರ್ ಎಂಡ್‌ಗೆ ಬಂದಿದೀವಿ’ ಅಂತ. ಕಹಿ ಅಂತ್ಯ! ಆಸೆ ಬಿಟ್ಟ ಅಂತ ತಾನೇ, ಅತ್ತೆ?”

“ಕಹಿ ಎಲ್ಲಿಂದ ಬಂತೇ, ಪೇಟೆಯವಳೇ? ದೋಣೀಲಿ ಹಗ್ಗ ಕಟ್ಟೋ ಗೂಟಕ್ಕೆ ಬಿಟ್ ಅಂತೀವಿ. ಗೂಟದ ಕಡೆ ಇರೋ ಹಗ್ಗದ ತುದೀನೇ ಬಿಟರ್ ಎಂಡ್. ಲಂಗರಿನ ಹಗ್ಗ ಪೂರ್ತಿ ಇಳಿಸಿದಾನೆ, ಅಷ್ಟೇ.”

“ಲಂಗರು ನೆಲ ಹಿಡೀದೇ ಇದ್ರೆ?”

“ಹಿಡಿಯತ್ತೆ. ಸುಮ್ನೆ ಟೀ ಕುಡಿ.”

“ಇಳಿಸೋಕೆ ಇನ್ನು ಹಗ್ಗಾನೇ ಇಲ್ವಲ್ಲ?”

ಒಳಬಾಗಿಲು ತೆರೆದು ಕಚೇರಿಯ ಗುಮಾಸ್ತ ಹೊರಬಂದ.

“ಆಲ್ಬನ್ ಮನೆಯವರು ಯಾರಮ್ಮಾ? ಲಂಗರು ಹಿಡಿದಿದೆ. ದೋಣೀನ ಎಳ್ಕೊಂಡು ಬರ್ತಿದಾರೆ, ಎಲ್ಲರೂ ಕ್ಷೇಮ.”

ಸೊಸೆ ಥಟ್ಟನೆ ಎದ್ದಳು. ಅತ್ತೆ ಮಾತ್ರ ಬೆಂಚಿನ ಅಂಚು ಬಿಡದೆ ಕೂತೇ ಇದ್ದಳು. ಸೊಸೆ ತೋಳು ಹಿಡಿದು ಎಬ್ಬಿಸಿದಳು. ಇಬ್ಬರೂ ಒಬ್ಬರಿಗೊಬ್ಬರು ಆತುಕೊಂಡು ದೋಣಿ ನಿಲ್ಲುವ ದಕ್ಕೆಯತ್ತ ನಡೆದುಹೋದರು.