ಹುಳಿಯ ಬಕೆಟ್ ಯಾರ ಕೈಗೆ?

ಸಭೆಯ ಅಧ್ಯಕ್ಷರಾದ ಮಹಾಂತಪ್ಪನವರೇ, ಕಡಲಾಚೆಯ ನಮ್ಮ ಕನ್ನಡ ಬಳಗದ ಪದಾಧಿಕಾರಿಗಳೇ, ಫೋರ್ಟ್ ಮಿಲ್‌ನಿಂದ ಹಿಡಿದು ಮಾರಿಸ್‌ವಿಲ್‌ವರೆಗಿನ ಊರುಗಳಿಂದ ಕಾರು ಓಡಿಸಿಕೊಂಡು ಬಂದ ಸಭಿಕರೇ, ಹುಳಿಯ ಘಮಕ್ಕೆ ಆಗಲೇ ಬಾಗಿಲ ಕಡೆ ನೋಡುತ್ತಿರುವ ಮಿತ್ರರೇ,

ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುವವಳೆಂದು ನನಗೆ ವಿಷಯ ಕೊಟ್ಟಿದ್ದೀರಿ: ‘ಸರ್ವ್’ ಎಂಬ ಕ್ರಿಯಾಪದ. ಊಟಕ್ಕೆ ಮುಂಚೆ ಸ್ವಲ್ಪ ನಗಿಸಿ ಎಂದಿರಿ. ನಗಿಸಲೆಂದೇ ಬಂದಿದ್ದೆ.

ಟೆನಿಸ್ ಆಡುವವನು ಚೆಂಡನ್ನು ಸರ್ವ್ ಮಾಡುತ್ತಾನೆ. ಸೈನಿಕ ದೇಶವನ್ನು. ಕೋರ್ಟಿನವನು ಮನೆ ಬಾಗಿಲಿಗೇ ಬಂದು ನೋಟಿಸ್ ಸರ್ವ್ ಮಾಡುತ್ತಾನೆ. ಕೈದಿಯಂತೂ ಶಿಕ್ಷೆಯನ್ನೇ ಸರ್ವ್ ಮಾಡುತ್ತಾನೆ. ನಿಮ್ಮಲ್ಲಿ ಅರ್ಧ ಜನರ ಅನ್ನ ಇರುವುದೇ ಕಂಪ್ಯೂಟರ್ ಸರ್ವರ್ ಮೇಲೆ. ಅದು ಕೆಟ್ಟ ದಿನ ಮನೆಯಲ್ಲಿ ನಿಮ್ಮ ಮುಖ ನೋಡುವಂತಿಲ್ಲ. ಈ ಪದದ ಬೇರು ಲ್ಯಾಟಿನ್. ಅಲ್ಲಿ ‘ಸೆರ್ವುಸ್’ ಎಂದರೆ ಗುಲಾಮ.

ಇಷ್ಟು ಬರೆದುಕೊಂಡಿದ್ದೆ. ಆದರೆ ಈಗಷ್ಟೇ ಅಡುಗೆಮನೆ ಬಾಗಿಲಲ್ಲಿ ಒಂದು ಮಾತು ಕೇಳಿ ಬಂದಿದ್ದೇನೆ, ಈ ಹಾಳೆಯನ್ನು ಮಡಚಿಡುತ್ತೇನೆ.

ತಾಹಿರಾ ನಿಮಗೆಲ್ಲ ಗೊತ್ತು. ಮೈಸೂರಿನವರು. ಇಲ್ಲೇ ಹುಟ್ಟಿದ ನಮ್ಮ ಮಕ್ಕಳಿಗೆ ಮೊದಲು ಉಪ್ಪು, ಆಮೇಲೆ ಕೋಸಂಬರಿ, ಪಲ್ಯ ಎಂದು ಬಡಿಸುವ ಕ್ರಮ ಕಲಿಸಿದ್ದು ಯಾರು? ತಾಹಿರಾ. ಬಾಳೆಎಲೆಯ ಚಿತ್ರವಿರುವ ಕಾಗದದ ತಟ್ಟೆಗೂ ಎಡ ಬಲ ಉಂಟೆಂದು ಹೇಳಿಕೊಟ್ಟದ್ದು ಯಾರು? ತಾಹಿರಾ. ಇವತ್ತು ಅವರು ದುಪಟ್ಟಾ ಸೊಂಟಕ್ಕೆ ಬಿಗಿದು ಹುಳಿಯ ಬಕೆಟ್ ಎತ್ತಿದಾಗ, ಊಟದ ಉಸ್ತುವಾರಿಯ ಶಶಿಕಾಂತ್ ಹೇಳಿದರು: “ಆಂಟಿ, ಪ್ಲೀಸ್, ನೀವು ಪಾರ್ಕಿಂಗ್ ಮ್ಯಾನೇಜ್ ಮಾಡ್ತೀರಾ? ಇವತ್ತು ಪೂಜೆ ಊಟ ಅಲ್ವಾ, ಕೆಲವು ಫ್ಯಾಮಿಲಿ ಕಂಫರ್ಟಬಲ್ ಇಲ್ಲ. ಊಟಕ್ಕೆ ಮಾತ್ರ ಖಂಡಿತ ಕೂತ್ಕೋಬೇಕು!”

ತಾಹಿರಾ ಬಕೆಟ್ ಕೆಳಗಿಟ್ಟರು. “ಆಯ್ತಪ್ಪ. ತಳದಿಂದ ಕದಡಿ ಬಡಿಸಿ, ಬೇಳೆಯೆಲ್ಲ ಕೆಳಗಿದೆ” ಅಂದರು. ಹೋದರು.

“ಇದೇನ್ರೀ ಇದು?” ಎಂದೆ.

“ನಾನಲ್ಲ ಮೇಡಂ, ಕಮಿಟಿ. ದೊಡ್ಡದು ಮಾಡ್ಬೇಡಿ, ಫಂಕ್ಷನ್ ಹಾಳಾಗುತ್ತೆ.”

ದೊಡ್ಡದು ಮಾಡುತ್ತಿದ್ದೇನೆ.

ಒಂದು ಕಾಲಕ್ಕೆ ಈ ನೆಲದ ಹತ್ತಿ ತೋಟಗಳ ದೊಡ್ಡ ಮನೆಗಳಲ್ಲಿ ಕಪ್ಪು ಗುಲಾಮರು ಬಡಿಸುತ್ತಿದ್ದರು. ಆ ಮೇಜಿಗೆ ಕೂರುವಂತಿರಲಿಲ್ಲ. ನೀವು ಹೊಸದು ಕಂಡುಹಿಡಿದಿದ್ದೀರಿ: ಕೂರಬಹುದು, ಬಡಿಸುವಂತಿಲ್ಲ! ಯಾವ ಕೈಗೆ ಹೆದರುತ್ತಿದ್ದೀರಿ? ಕೋವಿಡ್‌ನಲ್ಲಿ ನಾವು ಮಲಗಿದ್ದಾಗ ಬಾಗಿಲಿಗೆ ಗಂಜಿ ಇಟ್ಟು ಬೆಲ್ ಒತ್ತಿ ಹೋಗುತ್ತಿದ್ದ ಕೈ ಅಲ್ಲವೇ ಅದು? ಮಹಾಂತಪ್ಪನವರೇ, ನಿಮ್ಮ ಬಾಗಿಲಿಗೂ ಬಂದಿತ್ತಲ್ಲ?

ಕೈ ಎಂದೆ. ಆಳಂದದ ಹತ್ತಿರದ ನಮ್ಮೂರಿನ ಮದುವೆಗಳಲ್ಲಿ ನಮ್ಮವ್ವ ಗೌರಾಬಾಯಿ ಎಂಜಲೆಲೆ ಎತ್ತುತ್ತಿದ್ದಳು. ಬಡಿಸಲು, ನಮ್ಮ ಕಡೆಯ ಮಾತಿನಲ್ಲಿ ‘ನೀಡಲು’, ಬಿಡುತ್ತಿರಲಿಲ್ಲ. “ಒಂದ್ಸಲರ ಮಂದಿಗೆ ನೀಡಬೇಕು ನೋಡವ್ವಾ, ಸಾಕು ಅನ್ನೋತನಕ ನೀಡಬೇಕು” ಅಂತಿದ್ದಳು. ನೀಡದೆಯೇ ಹೋದಳು.

ಇದನ್ನು ಹೇಳಲು ಬಂದಿರಲಿಲ್ಲ. ಇಷ್ಟು ವರ್ಷ ನೀವು ನನ್ನ ಜಾತಿ ನೇರ ಕೇಳಿರಲಿಲ್ಲ, ನಾನೂ ಹೇಳಿರಲಿಲ್ಲ. ಈಗ ಗೊತ್ತಾಯಿತಲ್ಲ? ಬೇಕಿದ್ದರೆ ಈ ಮೈಕನ್ನೂ ತೊಳೆಯಿರಿ.

ಮುಖ್ಯ ಅತಿಥಿಗೆ ಮೊದಲ ಸಾಲಿನ ಮೊದಲ ಎಲೆ ಎಂದಿದ್ದೀರಿ. ನನಗದು ಬೇಡ. ಈಗ ಪಾರ್ಕಿಂಗ್‌ಗೆ ಹೋಗಿ ತಾಹಿರಾರನ್ನು ಕರೆಯುತ್ತೇನೆ. ಬಂದರೆ ಹುಳಿಯ ಬಕೆಟ್ ಅವರ ಕೈಗೆ, ಪಲ್ಯದ್ದು ನನ್ನ ಕೈಗೆ. ಸಾಕು ಅನ್ನುವತನಕ ಬಡಿಸುತ್ತೇವೆ. ಯಾರು ಕೂರುತ್ತೀರಿ, ಯಾರು ಎದ್ದು ಹೋಗುತ್ತೀರಿ, ನಮ್ಮವ್ವನ ಪರವಾಗಿ ನಿಂತು ನೋಡುತ್ತೇನೆ.

ಕರೆದವರಿಗೆ, ಕೇಳಿಸಿಕೊಂಡವರಿಗೆ ವಂದನೆ. ನಮಸ್ಕಾರ.