ನಮ್ಮ ಕಟ್ಟಿ ಮ್ಯಾಲೆ ಕುಂತ ಪೊಲೀಸ

ಮಕ್ಳ್ರಾ, ಆಗ ಹುಬ್ಬಳ್ಳಿ ಸಂತ್ಯಾಗ ಹೋರಿ ಸುದ್ದಾ ನನ್ನ ಮಾರಿ ನೋಡಿ ದಾರಿ ಬಿಡತಿತ್ತು, ಹೋರಿ ಅಲ್ಲ, ಆಕಳಿರಬೇಕು ಅದು, ಆದ್ರೂ ಅಷ್ಟು ದಿಮಾಕಿನ್ಯಾಗ ಇದ್ದೆ ನಾನು. ನಮ್ಮ ಬಾಜೂ ಮನಿಯಾಂವ ರುದ್ರಪ್ಪ, ಪೈಲವಾನ. ಅವನ ತೋಳು ನನ್ನ ತೊಡಿಗಿಂತ ಜರಾ ದಪ್ಪ ಇತ್ತು, ಜರಾನ ಮತ್ತ. ಅವನ ಹೆಣ್ತಿ ನಮ್ಮ ಗ್ವಾಡಿಗೆ ಕುಳ್ಳು ಬಡೀತಿದ್ಳು. ಲಡಾಯಿ ಕಾಲ, ಕಟಗಿ ತುಟ್ಟಿ, ಸೀಮಿಎಣ್ಣಿ ಸಿಗತಿರಲಿಲ್ಲ, ಒಲಿಗೆ ಹಾಕಾಕ ಸಗಣಿ ಕುಳ್ಳಂದ್ರ ಬಂಗಾರ ಆಗಿತ್ತು, ಖರೇ. ಆದ್ರ ಗ್ವಾಡಿ ನಮ್ಮದು! ಅದರಾಗ ನಿಮ್ಮ ಗಂಗಾ ಅತ್ತಿ, ನನ್ನ ತಂಗಿ, ಅಕಿನ್ನ ಬೈರಿದೇವರಕೊಪ್ಪದ ಬೀಗರು ನೋಡಿ ಒಪ್ಪಿದ್ರು, ನಿಶ್ಚಯಕ್ಕ ಬರೂದಿತ್ತು, ಅಂತ ಸುಣ್ಣಾ ಹೊಡಿಸಿದ್ದೆ. ಸಿಟ್ಟಿಗೆದ್ದು ಕುಳ್ಳೆಲ್ಲಾ ಕಿತ್ತಿ ಒಗದೆ. ಸಂಜಿಗೆ ರುದ್ರಪ್ಪ ಬಾಗಲಕ್ಕ ಬಂದ.

"ಏ ಈರ್ಯಾ, ಹೊರಗ ಬಾರಲೇ! ನಿನ್ನ ಎಲುಬು ಆರಿಸಿ ನಿಮ್ಮವ್ವನ ಉಡ್ಯಾಗ ಹಾಕ್ತೇನಿ."

"ನಾ ಜಳಕಕ್ಕ ಕುಂತೇನಿ!" ಅಂತ ಒಳಗಿಂದ ಸಿಂಹದಂಗ ಗರ್ಜಿಸಿದೆ.

ಮರುದಿನ ಪೊಲೀಸ ಠಾಣೆಕ್ಕ ಹೋಗಿ, "ಸಾಹೇಬ್ರ, ಬಂದೋಬಸ್ತ ಬೇಕ್ರಿ" ಅಂದೆ. ಫೌಜದಾರ ನನ್ನ ಜಗಳಾ ಪೂರಾ ಕೇಳಲೇ ಇಲ್ಲ. "ಯಾವ ಓಣಿ?" ಅಂದ. ಹೇಳಿದೆ. "ಇವತ್ತ ಒಬ್ಬನ್ನ ಕಳಸ್ತೇನಿ" ಅಂದ. ಸರಕಾರ ಇಷ್ಟು ಲಗೂ ಕೆಲಸಾ ಮಾಡಿದ್ರ ಸಂಶಯ ಬರಬೇಕಿತ್ತೋ ಇಲ್ಲೋ? ನನಗ ಬರಲಿಲ್ಲ ನೋಡ್ರಿ, ನನ್ನ ಮಾರಿ ಮ್ಯಾಲಿನ ತೇಜ ನೋಡಿ ಒಪ್ಪಿದಾ ಅಂತ ಹಿಗ್ಗಿದೆ.

ಪೊಲೀಸ ಬಂದು ನಮ್ಮ ಕಟ್ಟಿ ಮ್ಯಾಲೆ ಕುಂತ. ಕುಂತಾಂವ ರುದ್ರಪ್ಪನ ಮನಿಗೆ ಬೆನ್ನು ತಿರುವಿದ, ಮಾರಿ ಓಣಿ ಕಡೆ ಮಾಡಿದ! ಅವ್ವ ಕೊಟ್ಟ ರೊಟ್ಟಿ ಮುರಕೋತ, "ಆ ಖಾದಿ ಟೊಪಗಿಯಾಂವ ಯಾರು? ಮುಂಜಾನೆ ಹಾಡಕೋತ ಹೋಗೋ ಹುಡುಗ್ರು ಯಾರ ಮಕ್ಕಳು?" ಅಂತ ಕೇಳಾಕ ಹತ್ತಿದ. ಅದು ಬ್ರಿಟಿಷರಿಗೆ ದೇಶಾ ಬಿಟ್ಟು ಹೋಗ್ರಿ ಅಂದ ಚಲೇಜಾವ ಗದ್ದಲದ ವರ್ಷಪಾ, ಎಲ್ಲೆಲ್ಲೋ ತಂತಿ ಕಡೀತಿದ್ರು, ಮಂದೀನ್ನ ಜೇಲಿಗೆ ಹಾಕತಿದ್ರು. ಅಂಥಾದ್ರಾಗ ನಮ್ಮ ಕಟ್ಟಿ ಮ್ಯಾಲೆ ಪೊಲೀಸ ರೊಟ್ಟಿ ತಿನ್ನೂದಂದ್ರ! ನಾ ಹೋದಲ್ಲೆ ಮಾತು ನಿಲ್ಲಾಕ ಹತ್ತಿದ್ವು. ಹಡಪದಾಂವ ನನ್ನ ಗಂಟಲಿಗೆ ಕತ್ತಿ ಇಟ್ಟು, "ಏನ್ರಿ ಈರಣ್ಣಾರ, ಫೌಜದಾರ್ರು ಆರಾಮದಾರೇನ್ರಿ?" ಅಂದ. ಗಡ್ಡಾ ಅರ್ಧಕ್ಕ ಬಿಟ್ಟು ಎದ್ದು ಬಂದೆ.

ಕಡೀಕ ಬೀಗರ ನಿರೋಪ ಬಂತು: "ನಮ್ಮ ತಮ್ಮ ಜೇಲಿನ್ಯಾಗದಾನ. ಪೊಲೀಸರಿಗೆ ಸುದ್ದಿ ಮುಟ್ಟಿಸೋ ಬಾತ್ಮೀದಾರನ ತಂಗಿ ನಮಗ ಬ್ಯಾಡ."

ಗಂಗವ್ವ ಉಣ್ಣೂದು ಬಿಟ್ಳು. ನಾ ಓಣ್ಯಾಗ ನಿಂತು, "ಬಾತ್ಮೀದಾರ ಅಲ್ರೋ, ರುದ್ರಪ್ಪಗ ಅಂಜಿ ಪೊಲೀಸನ್ನ ಕರಿಸೇನಿ" ಅಂದ್ರ ಒಬ್ರೂ ನಂಬವಲ್ರು. ಹೆಂಗ ನಂಬ್ತಾರ? ರಾಯಾಪುರದ ಹಾದ್ಯಾಗ ಚಿರತಿ ಕಿವಿ ಹಿಂಡಿದ್ದನ್ನ ನಾನ ಎಲ್ಲಾರಿಗೂ ಹೇಳಿದ್ದೆ. "ಚಿರತಿಗೆ ಅಂಜದಾಂವ ಪೈಲವಾನಗ ಅಂಜತಾನ? ಸುಳ್ಳ!" ಅಂತ ಮಾರಿ ತಿರುವಿದ್ರು. ನನ್ನ ಅಂಜಿಕಿಗೆ ಸಾಕ್ಷಿ ಒಬ್ಬನ ಇದ್ದ.

ರುದ್ರಪ್ಪನ ಮನಿಗೆ ಹೋದೆ. ಉಣ್ಣಾಕ ಕುಂತಿದ್ದ. "ರುದ್ರಣ್ಣಾ, ಕೈ ಮುಗೀತೇನಿ, ಬೀಗರಿಗೆ ಖರೇ ಸಂಗತಿ ಹೇಳು" ಅಂದೆ. ಬಿದ್ದು ಬಿದ್ದು ನಕ್ಕ. "ನೀ ಬಾತ್ಮೀದಾರ? ಖರೇ ಬಾತ್ಮಿ ಒಂದರೆ ನಿನ್ನ ಬಾಯಾಗ ಹುಟ್ಟೇತೇನಲೇ?" ಅಂದು, ಕೈ ತೊಳಕೊಂಡು ಎದ್ದ. "ನಡಿ. ಗಂಗವ್ವ ನಮ್ಮ ಓಣಿ ಹುಡುಗಿ."

ಬೀಗರ ಪಡಸಾಲ್ಯಾಗ ನಿಂತು ಹೇಳಿದ, "ಯಜಮಾನ್ರ, ಇಂವ ಬಾತ್ಮೀದಾರ ಅಲ್ರಿ, ಪುಕ್ಕಲ. ನಾ ಹೊರಗ ಬಾ ಅಂದ್ರ ಒಣಾ ಬಚ್ಚಲದಾಗ ಕುಂತು ಜಳಕಾ ಅಂದಾನ್ರಿ." ಒಳಗ ಹೆಣ್ಮಕ್ಕಳು ಕಿಸಕ್ಕಂದ್ರು. ಬೀಗ ಮಾತ್ರ ನಗಲಿಲ್ಲ. ನನ್ನ ಕಡೆ ನೋಡಿ, "ಖರೇನಪಾ?" ಅಂದ. ಚಿರತಿ, ಹೋರಿ, ಎಲ್ಲಾ ಬಾಯಿತನಕ ಬಂದ್ವು. ನುಂಗಿದೆ. "ಖರೇರಿ, ಕೈಕಾಲು ನಡುಗತಿದ್ವು" ಅಂದೆ.

"ನಿಶ್ಚಯದ ದಿನಾ ಹೇಳ್ರಿ" ಅಂದ ಬೀಗ.

ಹೊಳ್ಳಿ ಬರೋ ಹಾದ್ಯಾಗ ನಾನೂ ರುದ್ರಪ್ಪನೂ ಠಾಣೆಕ್ಕ ಹೋಗಿ ರಾಜಿ ಆತಂತ ಹೇಳಿದ್ವಿ. ಫೌಜದಾರನ ಮಾರಿ ಹರಳೆಣ್ಣಿ ಕುಡದಂಗಾತು, ಆದ್ರ ಜಗಳನ ಇಲ್ಲಂದಮ್ಯಾಲೆ ಬಂದೋಬಸ್ತ ಯಾರಿಗೆ? ನಮ್ಮ ಕಟ್ಟಿ ಮ್ಯಾಲಿನ ಪೊಲೀಸ ಎದ್ದು ಹೋದ.

ಅದಕ್ಕ ಹೇಳ್ತೇನಿ ಮಕ್ಳ್ರಾ, ಬಾಜೂ ಮನಿಯಾಂವನ ಜೋಡಿ ಬೇಕಾದಷ್ಟು ಜಗಳಾ ಆಡ್ರಿ, ಮೂರನೇದಾಂವನ್ನ ಮಾತ್ರ ಕಟ್ಟಿ ಹತ್ತಿಸಬ್ಯಾಡ್ರಿ.